ಬುರುಡೆಯ ವಯಸ್ಸು ಹೇಳುವುದು ಬೂದಿ

ಪ್ರಶ್ನೆ: ಇಂಗಾಲ-14 ವಿಧಾನ ಸುಮಾರು 50 ಸಾವಿರ ವರ್ಷಗಳಾಚೆಗೆ ಉಪಯೋಗಕ್ಕಿಲ್ಲ. ಹಾಗಿದ್ದರೆ ಆದಿಮಾನವರ ಪಳೆಯುಳಿಕೆಗಳ ಕಾಲ ತಿಳಿಯುವುದು ಹೇಗೆ? ಕೀನ್ಯಾದಲ್ಲಿ ಸಿಕ್ಕ ‘1470’ ಸಂಖ್ಯೆಯ ಆದಿಮಾನವ ಬುರುಡೆಗೆ ಮೊದಲು 29 ಲಕ್ಷ ವರ್ಷ ಅಂದರು, ಈಗ 20 ಲಕ್ಷ ಅನ್ನುತ್ತಾರೆ. ಯಾವುದನ್ನು ನಂಬಬೇಕು?
– ಶಿರಸಿಯ ಓದುಗರು

ಉತ್ತರ: ಎರಡನೆಯದನ್ನು ನಂಬಿ. ಕಾರಣ ಹೇಳುತ್ತೇವೆ.

ಇಷ್ಟು ಹಳೆಯ ಮೂಳೆಯ ವಯಸ್ಸನ್ನು ಸಾಮಾನ್ಯವಾಗಿ ಮೂಳೆಯಿಂದಲೇ ಅಳೆಯುವುದಿಲ್ಲ. ಅದು ಹೂತಿದ್ದ ಪದರದ ಮೇಲೆ, ಕೆಳಗೆ ಜ್ವಾಲಾಮುಖಿ ಬೂದಿ ಇದೆಯೇ ನೋಡುತ್ತಾರೆ. ಬೂದಿಯಲ್ಲಿನ ಫೆಲ್ಡ್‌ಸ್ಪಾರ್ ಹರಳುಗಳಲ್ಲಿ ಪೊಟ್ಯಾಸಿಯಂ ಇರುತ್ತದೆ. ಅದರ ಅತ್ಯಲ್ಪ ಪಾಲಾದ ಪೊಟ್ಯಾಸಿಯಂ-40 ನಿಧಾನವಾಗಿ ಕ್ಷಯಿಸುತ್ತಾ ಆರ್ಗಾನ್ ಅನಿಲವನ್ನೂ ಕೊಡುತ್ತದೆ. ಅದರ ಅರ್ಧಾಯು, ಅಂದರೆ ಅರ್ಧದಷ್ಟು ಕ್ಷಯಿಸಲು ಹಿಡಿಯುವ ಕಾಲ, 125 ಕೋಟಿ ವರ್ಷ. ಶಿಲಾಪಾಕ ಕುದಿಯುವಾಗ ಹಳೆಯ ಆರ್ಗಾನ್ ಹಾರಿಹೋಗುತ್ತದೆ. ಹರಳು ತಣಿದ ಮೇಲೆ ಹುಟ್ಟಿದ್ದು ಒಳಗೇ ಉಳಿಯುತ್ತದೆ. ಎರಡರ ಪ್ರಮಾಣ ಅಳೆದರೆ ಸ್ಫೋಟವಾದ ಕಾಲ ಸಿಗುತ್ತದೆ. ಹರಳು ಶಿಥಿಲವಾಗಿ ಆರ್ಗಾನ್ ಸೋರಿದ್ದರೆ ವಯಸ್ಸು ಕಡಿಮೆ ಬರುತ್ತದೆ. ಹಳೆಯ ಬಂಡೆಯ ಕಣ ಬೆರೆತಿದ್ದರೆ ಹೆಚ್ಚು ಬರುತ್ತದೆ.

1470ರ ವಿಷಯದಲ್ಲಿ ಆದದ್ದು ಈ ಬೆರಕೆಯ ತೊಂದರೆಯೇ. 1972ರಲ್ಲಿ ತುರ್ಕಾನಾ ಸರೋವರದ ಪೂರ್ವಕ್ಕಿರುವ ಕೂಬಿ ಫೋರಾದಲ್ಲಿ ಬರ್ನಾರ್ಡ್ ಎನ್ಗೆನಿಯೊ ಅದನ್ನು ಪತ್ತೆಹಚ್ಚಿದರು. 150ಕ್ಕೂ ಹೆಚ್ಚು ಚೂರುಗಳನ್ನು ಜೋಡಿಸಬೇಕಾಯಿತು. ಅದು ‘ಕೆಬಿಎಸ್’ ಎಂಬ ಬೂದಿ ಪದರಕ್ಕಿಂತ ಕೆಳಗಿನದು. ಆ ಬೂದಿಯನ್ನು ನೀರು ಹೊತ್ತು ತಂದು ಹಾಸಿತ್ತು, ದಾರಿಯ ಹಳೆಯ ಕಣಗಳೂ ಸೇರಿದ್ದವು. ಹಾಗಾಗಿಯೇ ಮೊಟ್ಟಮೊದಲ ಅಳತೆ ಸುಮಾರು 22 ಕೋಟಿ ವರ್ಷ ತೋರಿಸಿತು! ಆಮೇಲೆ ಬೂದಿಯಲ್ಲಿದ್ದ ಪ್ಯೂಮಿಸ್ (ಜ್ವಾಲಾಮುಖಿಯ ಹಗುರ ನೊರೆಗಲ್ಲು) ಉಂಡೆಗಳಿಂದ ಹರಳು ಆರಿಸಿ ಅಳೆದಾಗ 26 ಲಕ್ಷ ಬಂತು. ಬುರುಡೆ ಇನ್ನೂ ಕೆಳಗಿನದಾದ್ದರಿಂದ 29 ಲಕ್ಷ ಅಂದರು.

ಅದನ್ನು ಅಲ್ಲಗಳೆದದ್ದು ಹಂದಿಯ ಹಲ್ಲು. ಮೆಸೊಕೊಯ್ರಸ್ ಎಂಬ ಹಂದಿವಂಶದ ಮೂರನೆಯ ದವಡೆಹಲ್ಲು ಕಾಲ ಕಳೆದಂತೆ ಉದ್ದವಾಗುತ್ತಾ ಹೋಗುತ್ತದೆ. ಕೆಬಿಎಸ್ ಕೆಳಗೆ ಸಿಕ್ಕಷ್ಟೇ ಉದ್ದದ ಹಲ್ಲುಗಳು ಇಥಿಯೋಪಿಯಾದ ಓಮೊ ಕಣಿವೆಯಲ್ಲಿ ಸುಮಾರು 20 ಲಕ್ಷ ವರ್ಷದ ಪದರಗಳಲ್ಲಿದ್ದವು. ಮುಂದೆ ಬೂದಿಯ ಗಾಜಿನ ರಾಸಾಯನಿಕ ಸಂಯೋಜನೆ ನೋಡಿದಾಗ, ಕೆಬಿಎಸ್ ಮತ್ತು ಓಮೊದ ‘ಎಚ್-2’ ಎಂಬ ಬೂದಿ ಪದರ ಒಂದೇ ಸ್ಫೋಟದವು ಎಂದು ಗೊತ್ತಾಯಿತು. ಮರು ಅಳತೆಗಳು ಬೂದಿಯನ್ನು ಸುಮಾರು 18.8 ಲಕ್ಷಕ್ಕೆ ನಿಲ್ಲಿಸಿದವು. ಬುರುಡೆ 20 ಲಕ್ಷದ ಆಸುಪಾಸಿಗೆ ಬಂತು.

ಪ್ರಾಣಿವಂಶ, ಬೂದಿಯ ರಸಾಯನ, ಆರ್ಗಾನ್ – ಒಂದಕ್ಕೊಂದು ಸಂಬಂಧವಿಲ್ಲದ ಮೂರು ಸಾಕ್ಷಿಗಳು ಒಂದೇ ಮಾತು ಹೇಳುತ್ತಿವೆ. 29 ಲಕ್ಷಕ್ಕೆ ಈ ಬೆಂಬಲ ಇರಲಿಲ್ಲ. ವ್ಯತ್ಯಾಸ ಸಣ್ಣದೂ ಅಲ್ಲ: ಸುಮಾರು 750 ಸಿ.ಸಿ. ಮಿದುಳಿನ ಬುರುಡೆ 29 ಲಕ್ಷ ವರ್ಷ ಹಳೆಯದಾಗಿದ್ದರೆ, ಸಣ್ಣ ಮಿದುಳಿನ ಆಸ್ಟ್ರಲೊಪಿತೆಕಸ್ ಎಂಬ ಆದಿಮಾನವ ಪ್ರಭೇದಗಳಲ್ಲಿ ಹಲವನ್ನು ನಮ್ಮ ಪೂರ್ವಜರ ಪಟ್ಟಿಯಿಂದ ಕೈಬಿಡಬೇಕಿತ್ತು.