ಸರ್ವರ್ ಮುಚ್ಚಿದ ಶೂಟರ್ ಆಟವನ್ನು ಮತ್ತೆ ನಡೆಸುವ ಬಗ್ಗೆ

ಕಂಪನಿ ಕೈಬಿಟ್ಟ ಆನ್‌ಲೈನ್ ಶೂಟರ್ ಒಂದನ್ನು ಖಾಸಗಿ ಸರ್ವರ್‌ನಲ್ಲಿ ಮತ್ತೆ ಆಡಬಹುದೇ, ಅದಕ್ಕೆ ಯಾವ ಸರ್ವರ್ ಬಾಡಿಗೆಗೆ ಪಡೆಯಬೇಕು ಎಂದು ಕೇಳಿದ್ದೀರಿ. ಬಾಡಿಗೆಯ ಮಾತು ಸದ್ಯಕ್ಕಿರಲಿ. ಮೊದಲು ನಿಂತುಹೋಗಿರುವುದು ಯಾವ ಭಾಗ ಎಂದು ಪತ್ತೆ ಮಾಡಿ. ಒಂದೇ ಮನೆಯ ಎರಡು ಕಂಪ್ಯೂಟರ್‌ಗಳ ನಡುವೆ ಲ್ಯಾನ್‌ನಲ್ಲಿ, ಅಂದರೆ ಮನೆಯೊಳಗಿನ ಜಾಲದಲ್ಲಿ, ಆಟ ನಡೆಯುತ್ತದೆಯೇ, ಐಪಿ ವಿಳಾಸ ಕೊಟ್ಟರೆ ನೇರವಾಗಿ ಸೇರಿಕೊಳ್ಳುತ್ತದೆಯೇ ನೋಡಿ. ಎರಡೂ ಆದರೆ ಅರ್ಧಕ್ಕಿಂತ ಹೆಚ್ಚು ಕೆಲಸ ಮುಗಿದಂತೆ.

2000ರ ದಶಕದ ಹಲವು ಶೂಟರ್‌ಗಳಲ್ಲಿ ಪಂದ್ಯ ನಡೆಸುವ ಸರ್ವರ್ ತಂತ್ರಾಂಶವನ್ನು ಆಟಗಾರರಿಗೇ ಕೊಡುತ್ತಿದ್ದರು. ಹೊರಗಿನವರ ಕೈಯಲ್ಲಿ ಇರುತ್ತಿದ್ದದ್ದು ಮಾಸ್ಟರ್ ಸರ್ವರ್, ಅಂದರೆ ನಡೆಯುತ್ತಿರುವ ಸರ್ವರ್‌ಗಳ ಪಟ್ಟಿ, ಮತ್ತು ಕೆಲವು ಆಟಗಳಲ್ಲಿ ಲಾಗಿನ್. ಹಲವು ಕಂಪನಿಗಳ ಆಟಗಳಿಗೆ ಇಂಥ ಪಟ್ಟಿ ಒದಗಿಸುತ್ತಿದ್ದ ಗೇಮ್‌ಸ್ಪೈ ಸೇವೆ 2014ರಲ್ಲಿ ಮುಚ್ಚಿದಾಗ ಬ್ಯಾಟಲ್‌ಫೀಲ್ಡ್ 2 ಸೇರಿ ಅನೇಕ ಆಟಗಳಿಗೆ ಪೆಟ್ಟು ಬಿದ್ದದ್ದು ಇದರಿಂದಲೇ. ಇಂಥ ಕಡೆ ಅಭಿಮಾನಿಗಳು ನಡೆಸುವ ಬದಲಿ ಮಾಸ್ಟರ್ ಸರ್ವರ್‌ನತ್ತ ಆಟವನ್ನು ತಿರುಗಿಸಿದರೆ ಸಾಕು. ಅನ್‌ರಿಯಲ್ ಟೂರ್ನಮೆಂಟ್ 2004ರಲ್ಲಿ ಅದು ಐಎನ್‌ಐ ಕಡತದಲ್ಲಿ (ಆಟದ ಸೆಟ್ಟಿಂಗ್‌ಗಳಿರುವ ಪಠ್ಯ ಕಡತ) ಬದಲಿಸುವ ಒಂದು ಸಾಲು. ವಿಳಾಸವು ಆಟವನ್ನು ಚಾಲೂ ಮಾಡುವ ಇಎಕ್ಸ್‌ಇ ಕಡತದೊಳಗೇ ಅಡಗಿದ್ದರೆ, ಕಡತದ ಬೈಟ್‌ಗಳನ್ನೇ ನೇರವಾಗಿ ತಿದ್ದುವ ಹೆಕ್ಸ್ ಎಡಿಟರ್ ಬೇಕಾಗುತ್ತದೆ. ಅಲ್ಲಿ ಹೊಸ ಹೆಸರು ಹಳೆಯದಕ್ಕಿಂತ ಒಂದಕ್ಷರ ಉದ್ದವಾದರೂ ಪಕ್ಕದ ದತ್ತಾಂಶವನ್ನು ತುಳಿದು ಆಟ ಕೆಡುತ್ತದೆ. ಗೇಮ್‌ಸ್ಪೈ ಡಾಟ್ ಕಾಮ್ ಇದ್ದ ಜಾಗದಲ್ಲಿ ಅಭಿಮಾನಿಗಳ ಬದಲಿ ಸೇವೆಯಾದ ಓಪನ್‌ಸ್ಪೈ ಡಾಟ್ ನೆಟ್ ಸರಿಯಾಗಿ ಕೂರುವುದು, ಇಂಗ್ಲಿಷ್‌ನಲ್ಲಿ ಬರೆದಾಗ ಚುಕ್ಕೆಯೂ ಸೇರಿ ಎರಡಕ್ಕೂ 11 ಅಕ್ಷರಗಳೇ ಆಗುವುದರಿಂದ. (ಮೂಲ ಕಡತದ ಪ್ರತಿ ತೆಗೆದಿಟ್ಟುಕೊಂಡೇ ಕೈಹಾಕಿ.)

ಪಂದ್ಯದ ಸರ್ವರ್ ಕೂಡ ಕಂಪನಿಯಲ್ಲೇ ಇದ್ದರೆ ದಾರಿ ದೀರ್ಘ. 2003ರ ಪ್ಲ್ಯಾನೆಟ್‌ಸೈಡ್ 2016ರ ಜುಲೈ 1ರಂದು ಮುಚ್ಚಿತು. ಅದಕ್ಕೂ ಮೊದಲೇ ಅಭಿಮಾನಿಗಳು ಆಟದ ಪ್ಯಾಕೆಟ್‌ಗಳನ್ನು, ಅಂದರೆ ಆಟ ಮತ್ತು ಸರ್ವರ್ ನಡುವೆ ಓಡಾಡುವ ದತ್ತಾಂಶದ ತುಣುಕುಗಳನ್ನು, ದಾಖಲಿಸಿಟ್ಟುಕೊಂಡಿದ್ದರಿಂದ, ಪಿಎಸ್‌ಫಾರೆವರ್ ಎಂಬ ತಂಡಕ್ಕೆ ಸರ್ವರನ್ನು ಮೊದಲಿನಿಂದ ಬರೆಯಲು ಆಧಾರ ಸಿಕ್ಕಿತು. ಆದ್ದರಿಂದ ನಿಮ್ಮ ಆಟ ಮುಚ್ಚಲು ಇನ್ನೂ ಕೆಲವು ದಿನಗಳಿದ್ದರೆ ಬೇರೆಲ್ಲ ಬಿಟ್ಟು, ಪ್ಯಾಕೆಟ್ ದಾಖಲಿಸುವ ವೈರ್‌ಶಾರ್ಕ್ ತಂತ್ರಾಂಶ ಹಾಕಿ ಲಾಗಿನ್, ಪಂದ್ಯ, ಅಂಗಡಿ, ಎಲ್ಲ ವಹಿವಾಟನ್ನೂ ದಾಖಲಿಸಿ. ಅದು ಎನ್‌ಕ್ರಿಪ್ಟ್ ಆಗಿದ್ದರೂ (ಗೂಢಲಿಪಿಯಲ್ಲಿದ್ದರೂ) ಬಿಡಬೇಡಿ. ಬಿಡಿಸುವ ಪ್ರಯತ್ನ ಆಮೇಲೆ ಮಾಡಬಹುದು, ದಾಖಲಿಸುವ ಅವಕಾಶ ಆಮೇಲೆ ಸಿಗದು.

ಕಾನೂನಿನ ಮಟ್ಟಿಗೆ, ಆಟದ ಪೂರ್ಣ ಪ್ರತಿಯನ್ನು ನೀವು ಹಂಚಬೇಡಿ. ಬ್ಯಾಟಲ್‌ಫೀಲ್ಡ್ 2 ಅನ್ನು ಮತ್ತೆ ನಡೆಸುತ್ತಿದ್ದ ರಿವೈವ್ ನೆಟ್‌ವರ್ಕ್ 2017ರಲ್ಲಿ ನಿಂತದ್ದು, ನಮ್ಮ ಆಟದ ಪ್ರತಿಗಳನ್ನು ಹಂಚುವುದು ನಿಲ್ಲಿಸಿ ಎಂದು ಆಟದ ಪ್ರಕಾಶಕ ಕಂಪನಿ ಇಎ ಕೇಳಿಕೊಂಡ ಮೇಲೆ. ಪ್ಯಾಚ್ (ಆಟದಲ್ಲಿ ಬದಲಾವಣೆ ಮಾಡುವ ಸಣ್ಣ ಕಡತ) ಮಾತ್ರ ಕೊಟ್ಟು, ಆಟವನ್ನು ಅವರವರೇ ತರಲಿ ಎನ್ನುವುದು ನನ್ನ ಸಲಹೆ. ಇದೂ ಪರವಾನಗಿಗೆ ಸಮವಲ್ಲ, ಅಪಾಯ ಕಡಿಮೆಯಾಗುತ್ತದೆ ಅಷ್ಟೆ. ಹಣ ಸಂಗ್ರಹಿಸುವ ಯೋಚನೆ ಇದ್ದರೆ ಅದನ್ನೂ ಬಿಡಿ.

ಮನೆಯಿಂದಲೇ ಸರ್ವರ್ ನಡೆಸುವುದಾದರೆ ರೌಟರ್‌ನಲ್ಲಿ ಆಟದ ದತ್ತಾಂಶ ಒಳಬರುವ ಯುಡಿಪಿ ಪೋರ್ಟ್ ತೆರೆಯಬೇಕು. ಇಂಟರ್ನೆಟ್ ಸಂಪರ್ಕಕ್ಕೆ ಪ್ರತ್ಯೇಕ ಸಾರ್ವಜನಿಕ ಐಪಿ (ಹೊರಗಿನಿಂದ ನೇರವಾಗಿ ತಲುಪಬಹುದಾದ ವಿಳಾಸ) ಇಲ್ಲದಿದ್ದರೆ ಇದು ಫಲಿಸದು, ಆಗ ಬಾಡಿಗೆ ಸರ್ವರ್ ಬೇಕಾಗುತ್ತದೆ. ಲ್ಯಾನ್ ಪರೀಕ್ಷೆಯಲ್ಲಿ ಏನಾಯಿತು, ಆಟದ ಹೆಸರು ಮತ್ತು ಪ್ಯಾಚ್ ಆವೃತ್ತಿ ಯಾವುದು ಎಂಬುದನ್ನು ಇಲ್ಲೇ ಬರೆಯಿರಿ. ಇವು ಗೊತ್ತಾದರೆ ಯಾವ ಕಡತವನ್ನು ತಿದ್ದಬೇಕೆಂದು ಹುಡುಕಲು ಸುಲಭ.