ರೇಜ್ ಅಗೇನ್‌ಸ್ಟ್ ದ ಮಷೀನ್ ಎಂಬ ಅಮೆರಿಕನ್ ರಾಕ್ ತಂಡದ ಹಾಡುಗಳಲ್ಲಿ ಡಿಜೆ ಸ್ಕ್ರ್ಯಾಚ್ (ರೆಕಾರ್ಡ್ ತಟ್ಟೆಯನ್ನು ಹಿಂದೆ ಮುಂದೆ ಆಡಿಸಿ ಹೊರಡಿಸುವ) ಸದ್ದು ಎಲ್ಲಿಂದ ಬರುತ್ತದೆ?

ಅಲ್ಲಿ ಡಿಜೆ ಇಲ್ಲ, ಅದು ತಂಡದ ಗಿಟಾರ್ ವಾದಕ ಟಾಮ್ ಮೊರೆಲ್ಲೊ ಅವರ ಗಿಟಾರು. ಎರಡು ಪಿಕಪ್‌ಗಳಲ್ಲಿ (ತಂತಿಯ ಕಂಪನವನ್ನು ವಿದ್ಯುತ್ ಸಂಕೇತವಾಗಿಸುವ ಭಾಗ) ಒಂದರ ವಾಲ್ಯೂಮ್ ಪೂರ್ತಿ ಏರಿಸಿ, ಇನ್ನೊಂದರದ್ದನ್ನು ಸೊನ್ನೆಗೆ ಇಳಿಸುತ್ತಾರೆ. ಒಂದು ಕೈ ತಂತಿಗಳನ್ನು ಉಜ್ಜುತ್ತಿದ್ದರೆ, ಇನ್ನೊಂದು ಕೈ ಪಿಕಪ್ ಬದಲಿಸುವ ಸ್ವಿಚ್ಚನ್ನು ಪಟಪಟನೆ ಆಡಿಸುತ್ತದೆ. ಸದ್ದು ತುಂಡು ತುಂಡಾಗಿ ಹೊರಡುತ್ತದೆ. ಎರಡಕ್ಕೂ ಸೇರಿ ಒಂದೇ ವಾಲ್ಯೂಮ್ ನಾಬ್ ಇರುವ ಗಿಟಾರಿನಲ್ಲಿ ಈ ಆಟ ನಡೆಯುವುದಿಲ್ಲ.

ಸ್ಯಾಂಪಲ್ (ಬೇರೆ ಧ್ವನಿಮುದ್ರಣದಿಂದ ಎತ್ತಿದ ತುಣುಕು), ಕೀಬೋರ್ಡ್, ಸಿಂಥಸೈಜರ್ ಬಳಸಿಲ್ಲವೆಂದು ತಂಡದವರು 1992ರ ಮೊದಲ ಆಲ್ಬಮ್ಮಿನಲ್ಲೇ ಅಚ್ಚು ಹಾಕಿಸಿದ್ದರು. 1996, 1999ರ ಆಲ್ಬಮ್‌ಗಳಲ್ಲೂ ಅದೇ ಹಟ. ಜೊತೆಗೆ ಗಾಯಕ ಝಾಕ್ ಡಿ ಲಾ ರೋಚಾ ಅವರ ರಾಪ್: ಪೊಲೀಸ್ ದೌರ್ಜನ್ಯ, ಮೆಕ್ಸಿಕೊದ ಮೂಲನಿವಾಸಿಗಳ ಝಪಾಟಿಸ್ಟಾ ಹೋರಾಟ. ಆಮೇಲೆ ಬಂದ ನು ಮೆಟಲ್ (ಹೆವಿ ಮೆಟಲ್ ಸಂಗೀತದ ಹೊಸ ಬಗೆ) ತಂಡಗಳು ರಾಪ್-ಮೆಟಲ್ ಬೆರಕೆಯನ್ನು ಎತ್ತಿಕೊಂಡವು. ರಾಜಕೀಯವನ್ನು ಬಹುಪಾಲು ಕೈಬಿಟ್ಟವು.