ಸ್ಪೇನಿನ ಸರ್ವಾಧಿಕಾರಿ ಫ್ರಾಂಕೋ ಕಾಲದ ಹಾಸ್ಯನಟ ಆಲ್ಫ್ರೆದೊ ಲಾಂದಾ ಮುಂದೆ ಗಂಭೀರ ನಟರೆನಿಸಿಕೊಂಡದ್ದು ಹೇಗೆ?

ಫ್ರಾಂಕೋ ಆಡಳಿತದ ಕೊನೆಯ ವರ್ಷಗಳಲ್ಲಿ, ಸೆನ್ಸಾರ್ ಕೊಂಚ ಸಡಿಲಗೊಂಡಾಗ ಬಂದ ಹಾಸ್ಯಚಿತ್ರಗಳಲ್ಲಿ, ವಿದೇಶಿ ಪ್ರವಾಸಿ ಯುವತಿಯರ ಹಿಂದೆ ಸುತ್ತುತ್ತಲೇ ಒಳಗೊಳಗೆ ಅಳುಕುವ ಸಾಮಾನ್ಯ ಸ್ಪೇನಿಗನಾಗಿ ಲಾಂದಾ ಎಷ್ಟು ಜನಪ್ರಿಯರಾದರೆಂದರೆ, ಆ ಬಗೆಯ ಚಿತ್ರಗಳಿಗೆ ‘ಲಾಂದಿಸ್ಮೊ’ ಎಂದು ಅವರ ಹೆಸರೇ ಅಂಟಿಕೊಂಡಿತು. 1975ರಲ್ಲಿ ಫ್ರಾಂಕೋ ತೀರಿಕೊಂಡು, 1977ರಲ್ಲಿ ಸಿನಿಮಾ ಸೆನ್ಸಾರ್ ರದ್ದಾದ ಮೇಲೆ ಅಂಥ ಮುಸುಕಿನ ಚೇಷ್ಟೆಗೆ ಬೆಲೆ ಉಳಿಯಲಿಲ್ಲ. ಅದೇ ವರ್ಷ ನಿರ್ದೇಶಕ ಹುವಾನ್ ಆಂತೋನಿಯೊ ಬಾರ್ದೆಮ್ ಅವರ ‘ಎಲ್ ಪುಯೆಂತೆ’ ಚಿತ್ರದಿಂದ ಲಾಂದಾ ಹಾದಿ ಬದಲಾಯಿತು, 1981ರ ‘ಎಲ್ ಕ್ರ್ಯಾಕ್’ನಲ್ಲಿ ಅವರು ಮಿತಭಾಷಿ ಪತ್ತೇದಾರ. ಆದರೆ ನಿಜವಾದ ಎತ್ತರ ಕಂಡದ್ದು 1984ರ ‘ಲೋಸ್ ಸಾಂತೋಸ್ ಇನೊಸೆಂತೆಸ್’ನಲ್ಲಿ: ಬೇಟೆಯಲ್ಲಿ ಧಣಿಗಾಗಿ ನೆಲ ಮೂಸುವ ಜೀತದಾಳಿನಂಥ ಪಾಕೊ ಪಾತ್ರಕ್ಕೆ, ಸಹನಟ ಫ್ರಾನ್ಸಿಸ್ಕೊ ರಬಾಲ್ ಜೊತೆಗೆ, ಕಾನ್ ಉತ್ಸವದ ಶ್ರೇಷ್ಠ ನಟ ಪ್ರಶಸ್ತಿ ಬಂತು. ನನ್ನ ಅಭಿಪ್ರಾಯದಲ್ಲಿ, ಹಿಂದೆ ನಗು ತರಿಸುತ್ತಿದ್ದ ಅದೇ ಸಾಧಾರಣ ಮೈಕಟ್ಟೇ ಆ ಅವಮಾನವನ್ನು ನಂಬುವಂತೆ ಮಾಡಿತು.